ಅತ್ತೆಯ ಕಣ ಮತ್ತು ಗುಡ್ಡದ ಬಸ್ಸು

ನನ್ನ ತವರು ಕೊಣ್ಣೂರಿನ ಹತ್ತಿರ, ಮಲಪ್ರಭೆಯ ದಂಡೆಯ ಎರೆ ಹೊಲಗಳ ನಡುವೆ. ಅಲ್ಲಿ ಎತ್ತರದ ವಸ್ತು ಅಂದರೆ ನೀರಿನ ಟಾಕಿ ಒಂದೇ. ಯಾರಾದರೂ ನಮ್ಮ ಮನೆಗೆ ಬರುತ್ತಿದ್ದರೆ ಅವರಿನ್ನೂ ದೂರದ ಹೊಲದ ದಾರಿಯಲ್ಲಿದ್ದಾಗಲೇ ಅವ್ವ ನಡಿಗೆಯ ಮೇಲೆ ಗುರುತು ಹಿಡಿದು ಚಹಾಕ್ಕೆ ನೀರಿಡುತ್ತಿದ್ದಳು. ಅವರು ಹೊಸ್ತಿಲು ಮುಟ್ಟುವ ಹೊತ್ತಿಗೆ ಚಹಾ ಕುದ್ದು, ಸೋಸಿ, ಆರಿ, ಮತ್ತೊಮ್ಮೆ ಕಾಯಿಸಿಯೂ ಆಗಿರುತ್ತಿತ್ತು. ಇಂಥ ಸಪಾಟು ನಾಡಿನಲ್ಲಿ ಹುಟ್ಟಿದ ನನ್ನನ್ನು ಗುಡ್ಡದ ಮೇಲಿನ ಊರಿಗೆ ಮದುವೆ ಮಾಡಿ ಕೊಟ್ಟರು. ಹಾಗೆ ಕೊಡುತ್ತಿದ್ದೇವೆಂಬುದು ಕೊಟ್ಟವರಿಗೇ ಗೊತ್ತಿರಲಿಲ್ಲ.

ಗಂಡಿನ ಕಡೆಯವರು ಸುಳ್ಳೇನೂ ಹೇಳಲಿಲ್ಲ. "ಊರು ಎಲ್ಲಿ ಬರತೈತ್ರಿ" ಎಂದು ಅಪ್ಪ ಕೇಳಿದಾಗ "ಗಜೇಂದ್ರಗಡಕ್ಕ ಹತ್ತಿದಂಗ ಐತ್ರಿ" ಎಂದರು. ಖರೇ ಮಾತು. ಹತ್ತಿದ ಹಾಗೆಯೇ ಇದೆ, ಆದರೆ ಮೇಲ್ಮುಖವಾಗಿ. ಹೆಣ್ಣು ನೋಡುವುದು ನಮ್ಮ ಮನೆಯಲ್ಲಿ ಆಯಿತು. ಗಂಡಿನ ಮನೆ ನೋಡಲು ಹೋದ ಅಪ್ಪನನ್ನು ಗಜೇಂದ್ರಗಡದಲ್ಲಿದ್ದ ಅವರ ಸಂಬಂಧಿಕರ ಮನೆಯಲ್ಲೇ ಕೂಡ್ರಿಸಿ, ಗೋದಿ ಹುಗ್ಗಿ ಉಣ್ಣಿಸಿ, "ಬಿಸಲ ಭಾಳ ಐತ್ರಿ, ಮನಿ ಎಲ್ಲಿ ಓಡಿ ಹೋಗತೈತಿ, ಇನ್ನೊಮ್ಮೆ ನೋಡೀರಂತ" ಎಂದು ಕಳಿಸಿದರು. ಮದುವೆಯೂ ಪೇಟೆಯ ಮಂಟಪದಲ್ಲೇ ಆಯಿತು.

ಮದುವೆ ಮುಗಿದು ಮನೆ ತುಂಬಿಸಿಕೊಳ್ಳಲು ಹೊರಟೆವು. ಗಾಡಿ ಗುಡ್ಡದ ಬುಡಕ್ಕೆ ಬಂದು ನಿಂತಿತು. ಎಲ್ಲರೂ ಇಳಿದರು. ಸುತ್ತಲೂ ನೋಡಿದೆ; ಒಂದು ಬೇವಿನ ಗಿಡ, ಒಂದಿಷ್ಟು ಕಲ್ಲು, ಮೇವು ಹೊತ್ತ ಒಬ್ಬ ಮನುಷ್ಯ. ಮನೆ ಎಂಬುದೇ ಇಲ್ಲ.

"ಊರು ಎಲ್ಲಿ ಐತ್ರಿ" ಎಂದು ಗಂಡನನ್ನು ಕೇಳಿದೆ. ಅದು ನಾನು ಅವರೊಡನೆ ಆಡಿದ ಮೊದಲ ಮಾತು.

ಅವರು ಗದ್ದ ಎತ್ತಿ ಆಕಾಶದ ಕಡೆ ತೋರಿಸಿದರು. ದೇವರ ಮೇಲೆ ಭಾರ ಹಾಕುತ್ತಿದ್ದಾರೆಂದು ತಿಳಿದೆ. ಆಮೇಲೆ ನೋಡಿದರೆ, ಬಂಡೆಗಳ ನಡುವೆ ಬಂಡೆಯ ಬಣ್ಣದ್ದೇ ಗೋಡೆಗಳು ಕಂಡವು. ರೇಷ್ಮೆ ಸೀರೆ ಮೊಣಕಾಲಿನವರೆಗೆ ಎತ್ತಿ ಹಿಡಿದು, ಬಾಸಿಂಗವನ್ನು ಗಂಡನ ಕೈಗೆ ಕೊಟ್ಟು ಹತ್ತಿದೆ. ಹತ್ತುವಾಗ ನನ್ನ ಬಳಗದವರು ಒಬ್ಬೊಬ್ಬರಾಗಿ ಒಂದೊಂದು ಕಲ್ಲಿನ ಮೇಲೆ ಕೂತುಬಿಟ್ಟರು. ಮೇಲೆ ಮುಟ್ಟಿದಾಗ ನನ್ನ ಕಡೆಯವರೆಂದು ಉಳಿದದ್ದು ಕಾಕಾ ಒಬ್ಬರೇ. ಬಾಗಿಲಲ್ಲಿ ಆರತಿ ಹಿಡಿದು ನಿಂತಿದ್ದ ಅತ್ತೆ ನನ್ನ ಮುಖ ನೋಡುವ ಮೊದಲು ತಟ್ಟೆಯತ್ತ ನೋಡಿ, "ಇಷ್ಟೊತ್ತನ ಹತ್ತೂದು. ಕರ್ಪೂರೆಲ್ಲಾ ತೀರಿ ಹೋತು" ಎಂದರು. ನನಗೆ ಸೇರಿನ ಅಕ್ಕಿ ಒದೆಯಲು ಕಾಲು ಎತ್ತುವುದಕ್ಕೇ ಆಗಲಿಲ್ಲ. ಅತ್ತೆಯೇ ಬಗ್ಗಿ, ನನ್ನ ಪಾದದ ಹತ್ತಿರ ಸೇರನ್ನು ಸರಿಸಿ ಉರುಳಿಸಿದರು.

ಈ ಊರಿನ ಭೂಗೋಳ ತಿಳಿಯಲು ನನಗೆ ಒಂದು ವರ್ಷವೇ ಹಿಡಿಯಿತು. ಊರು ಗುಡ್ಡದ ಇಳುಕಲಿನಲ್ಲಿ ಮೆಟ್ಟಿಲು ಮೆಟ್ಟಿಲಾಗಿ ಕೂತಿದೆ. ಮೇಲಿನ ಓಣಿಯ ಅಂಗಳ ಎಲ್ಲಿ ಮುಗಿಯುತ್ತದೋ ಅಲ್ಲಿಂದ ಕೆಳಗಿನ ಓಣಿಯ ಮಾಳಿಗೆ ಶುರುವಾಗುತ್ತದೆ. ಮಣ್ಣಿನ ಸಪಾಟು ಮಾಳಿಗೆಗಳು, ಬೆಳಕು ಬರಲೆಂದು ನಡುವೆ ಒಂದು ಬೆಳಕಿಂಡಿ. ಕಸ ಗುಡಿಸುತ್ತ ಗುಡಿಸುತ್ತ ನಾನು ಅಂಗಳ ದಾಟಿ ಮಂದಿಯ ಮಾಳಿಗೆಯ ಮೇಲೆ ಹೋಗಿದ್ದುಂಟು. ಆಗ ಕಾಲಬುಡದಿಂದ, "ಯಾರವಾ ಮ್ಯಾಲೆ, ಹೊಸಾ ಸೊಸಿಯೇನು? ಸಾವಕಾಶ ಗುಡಸು, ಧೂಳ ಬೀಳತೈತಿ" ಎಂಬ ದನಿ ಬರುತ್ತಿತ್ತು. ಯಾರ ಮನೆಯಲ್ಲಿ ಇವತ್ತು ಬದನೆಕಾಯಿ, ಯಾರ ಮನೆಯಲ್ಲಿ ಬರೀ ಝುಣಕ ಎಂಬುದು ಓಣಿಯಲ್ಲಿ ನಡೆದು ಹೋದರೆ ಸಾಕು, ಕಾಲ ಕೆಳಗಿನಿಂದ ತಿಳಿಯುತ್ತದೆ.

ಇಲ್ಲಿ ಎಡ ಬಲ ಎಂಬ ಮಾತಿಲ್ಲ. ಪೂರ್ವ ಪಶ್ಚಿಮವನ್ನು ಸತ್ತವರನ್ನು ಮಲಗಿಸುವಾಗ ಮಾತ್ರ ಕೇಳುತ್ತಾರೆ. ಉಳಿದದ್ದಕ್ಕೆಲ್ಲ ಮೇಲೆ, ಕೆಳಗೆ ಎಂಬ ಎರಡೇ ದಿಕ್ಕು. ಸೊಸೆಯಾಗಿ ಬಂದ ಹೊಸತರಲ್ಲಿ "ಜೀರಗಿ ಡಬ್ಬಿ ಎಲ್ಲಿ ಐತ್ರಿ ಅತ್ತಿ" ಎಂದರೆ "ಮ್ಯಾಲೆ ಐತಿ ನೋಡು" ಎನ್ನುತ್ತಿದ್ದರು. ನಾನು ಅಡುಗೆಮನೆಯ ಮೇಲಿನ ಹಲಗೆಯಲ್ಲಿ ಹುಡುಕುತ್ತಿದ್ದೆ. ಡಬ್ಬಿ ಇರುತ್ತಿದ್ದುದು ಮೇಲಿನ ಓಣಿಯಲ್ಲಿ, ಅತ್ತೆ ಹಿಂದಿನ ದಿನ ಕೈಗಡ ಕೊಟ್ಟ ಮನೆಯಲ್ಲಿ.

ಫೋನಿನ ಸಿಗ್ನಲ್ಲೂ ಭೂಗೋಳಕ್ಕೆ ಸೇರಿದ್ದೇ. ಮಾರುತಿ ಗುಡಿಯ ಹಿಂದಿನ ಬಂಡೆಯ ಮೇಲೆ ನಿಂತರೆ ಸಿಗುತ್ತದೆ, ಕೂತರೆ ಹೋಗುತ್ತದೆ. ಹೀಗಾಗಿ ನಮ್ಮೂರಲ್ಲಿ ಯಾರೂ ಉದ್ದ ಮಾತಾಡುವುದಿಲ್ಲ, ಕಾಲು ನೋಯುತ್ತದೆ. ಬಂಡೆಯ ಸುತ್ತ ಕಟ್ಟೆಯ ಮೇಲೆ ಕೂತವರು ಎಲ್ಲರ ಮಾತನ್ನೂ ಕೇಳಿಸಿಕೊಂಡು, ಆ ಕಡೆಯವರು ಏನಂದಿರಬಹುದೆಂದು ತಾವೇ ನಿರ್ಧರಿಸುತ್ತಾರೆ.

ಇನ್ನು ಜನಸಂಖ್ಯೆ. ಊರಲ್ಲಿ ಎಷ್ಟು ಮಂದಿ ಇದ್ದೀರಿ ಎಂದು ಕೇಳಿದರೆ ನಮ್ಮವರು ಥಟ್ಟನೆ ಹೇಳುವುದಿಲ್ಲ. ಮೊದಲು "ಯಾಕ್ರಿ" ಎನ್ನುತ್ತಾರೆ. ಊಟ ಹಾಕಿಸುವುದಕ್ಕೆ ಎಂದರೆ ಭಾಳ ಮಂದಿ. ಕಾಲುದಾರಿಯ ಮುಳ್ಳು ಕಡಿಯುವುದಕ್ಕೆ ಎಂದರೆ ಇಬ್ಬರು ಮುದುಕರು, ಒಬ್ಬ ಮೈಯಲ್ಲಿ ಆರಾಮಿಲ್ಲದವ. ಪೇಟೆಯ ಮಗ್ಗಕ್ಕೆ, ಅಂಗಡಿಗೆ ಕೆಲಸಕ್ಕೆ ಇಳಿದು ಹೋಗುವವರು ಊರಿನವರೋ ಅಲ್ಲವೋ ಎಂಬ ಬಗ್ಗೆ ಕಟ್ಟೆಯ ಮೇಲೆ ಆಗಾಗ ವಾದ ನಡೆಯುತ್ತದೆ. ಅತ್ತೆಯ ಕಾಯಿದೆ ಸರಳವಾಗಿತ್ತು. "ರಾತ್ರಿ ಮಲಗಿದಾಗ ಯಾರ ಕೆಮ್ಮು ಕೇಳಸತೈತಿ, ಅವರು ಊರವರು." ಆ ಲೆಕ್ಕದಲ್ಲಿ ಮಂಗಗಳೂ ಊರವರೇ. ಅವೂ ಕೆಮ್ಮುತ್ತವೆ. "ಅವು ಎಲ್ಲಿಂದ ಬಂದಾವು, ಹುಟ್ಟಿದ್ದ ಇಲ್ಲೆ. ನೀ ಅರ ಹೊರಗಿನಾಕಿ" ಎಂದು ನನಗೊಮ್ಮೆ ಹೇಳಿದ್ದರು. ಮಂಗವೊಂದು ನನ್ನ ಕೈಯಿಂದ ರೊಟ್ಟಿ ಕಸಿದುಕೊಂಡು ಹೋದ ದಿನ ಅದು.

ಉಳಿದವರೆಲ್ಲ ಒಬ್ಬರಿಗೊಬ್ಬರು ಬೀಗರೋ, ಅಣ್ಣತಮ್ಮಂದಿರೋ, ಎರಡೂ ಹೌದೋ ಆಗಿದ್ದರು. ನನಗಿಂತ ಚಿಕ್ಕವನಾದ ಕಾಲೇಜು ಹುಡುಗನೊಬ್ಬ ವರಸೆಯಲ್ಲಿ ನನಗೆ ಮಾವ. ಅವನು ಎದುರಿಗೆ ಬಂದರೆ ನಾನು ಸೆರಗು ಹೊದೆಯಬೇಕು. ಅವನು ನಾಚಿಕೊಂಡು ಬೇರೆಯವರ ಮಾಳಿಗೆಯ ಮೇಲಿಂದ ಹಾದು ಹೋಗುತ್ತಿದ್ದ.

ಹೀಗಿರುವಾಗ ಗುಡ್ಡದ ನೆತ್ತಿಗೆ ಗಾಳಿಯಂತ್ರಗಳು ಬಂದವು. ನಮ್ಮವರು ಅವನ್ನು ಫ್ಯಾನು ಎನ್ನುತ್ತಾರೆ. ಅಷ್ಟು ದೊಡ್ಡ ರೆಕ್ಕೆಗಳನ್ನು ಮೇಲೆ ಸಾಗಿಸಬೇಕಲ್ಲ, ಅದಕ್ಕಾಗಿ ಗುಡ್ಡದ ಬೆನ್ನಿಗೆ ಸುತ್ತು ಹಾಕಿ ಒಂದು ರಸ್ತೆಯಾಯಿತು. ರಸ್ತೆ ನಮ್ಮೂರ ಮಗ್ಗುಲಿಗೇ ಹಾದು ಹೋಯಿತು. ಮೋಟಾರ್ ಸೈಕಲ್ಲುಗಳು ಬಂದವು, ಆಮೇಲೆ ಟ್ರ್ಯಾಕ್ಟರುಗಳು. ಹೆಣ್ಣುಮಕ್ಕಳಿಗೆ ಬಸ್ಸು ಪುಕ್ಕಟೆ ಆದ ಮೇಲೆ ಊರಿನ ಹೆಂಗಸರಿಗೆ ಒಂದೇ ಸಂಕಟ. ನಾಡಿನ ಹೆಂಗಸರೆಲ್ಲ ಪುಕ್ಕಟೆ ಓಡಾಡುತ್ತಿದ್ದಾರೆ, ನಮಗೆ ಮಾತ್ರ ಗುಡ್ಡ ಇಳಿದು ಹತ್ತುವುದರಲ್ಲೇ ಜೀವ ಹೋಗುತ್ತದೆ.

ನಮ್ಮ ಪಂಚಾಯಿತಿ ಮೆಂಬರು ಮಾವನವರ ತಮ್ಮನಾಗಬೇಕು. ನಾನು ಅವರನ್ನು ಸಣ್ಣ ಮಾವ ಎನ್ನುತ್ತೇನೆ. ಹೆಂಗಸರ ಕಾಟ ತಾಳದೆ ಅವರು ಡಿಪೊಕ್ಕೆ ಹೋಗಿ ಅರ್ಜಿ ಕೊಟ್ಟು ಬಂದರು. ಅಲ್ಲಿಯ ಸಾಹೇಬರು ಕೇಳಿದ್ದು ಒಂದೇ ಪ್ರಶ್ನೆಯಂತೆ. "ಅಲ್ಲೆ ಮಂದಿ ಅದಾರೇನ್ರಿ? ಖಾಲಿ ಬಸ್ಸು ಗುಡ್ಡ ಹತ್ತಿಸಿ ಇಳಸಾಕ ಬರಂಗಿಲ್ಲ."

"ಅಗದಿ ತುಂಬಿದ ಊರೈತ್ರಿ" ಎಂದು ಸಣ್ಣ ಮಾವ ಹೇಳಿ ಬಂದಿದ್ದರು.

"ಹಂಗಾರ ಒಂದಿನ ಬಸ್ಸು ತಗೊಂಡ ಬಂದು ನೋಡತೀನಿ" ಎಂದರಂತೆ ಸಾಹೇಬರು.

ಸಣ್ಣ ಮಾವ ಆ ದಿನದಿಂದ ಬಂಡೆ ಬಿಟ್ಟು ಇಳಿಯಲಿಲ್ಲ. ಊರಿನಿಂದ ಹೊರಗೆ ಕೊಟ್ಟ ಹೆಣ್ಣುಮಕ್ಕಳಿಗೆಲ್ಲ ಫೋನು ಹೋಯಿತು. ಯಾವಗಲ್ ಊರಿಗೆ ಕೊಟ್ಟ ತಮ್ಮ ಮಗಳಿಗೆ, "ಅತ್ತಿ, ಮಾವ, ಓಣಿಯವರು, ಯಾರ ಬರ್ತಾರ ಅವರನ್ನ ಕರಕೊಂಡ ಬಾ. ಹೋಳಿಗಿ ಮಾಡಸ್ತೀನಿ" ಎಂದರು. ನನಗೂ ಹೇಳಿದರು. "ನಿಮ್ಮ ತವರಾಗ ಮಂದಿ ಭಾಳ ಅಲ್ಲೇನವಾ? ಒಂದ ಟ್ರ್ಯಾಕ್ಟರ್ ತುಂಬಿಸಿಬಿಡು."

"ಅವರು ಈ ಊರವರಲ್ಲಲ್ರಿ ಮಾವಾ" ಎಂದೆ.

"ಮುಖದ ಮ್ಯಾಲೆ ಊರ ಹೆಸರ ಬರದಿರತೈತೇನು" ಎಂದರು.

ಆಗಿನ್ನೂ ಮೆಣಸಿನಕಾಯಿ ಸುಗ್ಗಿ. ಇಲ್ಲಿ ಅತ್ತೆಯ ಕಣದ ವಿಷಯ ಹೇಳಬೇಕು. ನಮ್ಮೂರಿನಲ್ಲಿ ಅಂಗೈಯಷ್ಟು ಸಪಾಟಾದ ಜಾಗ ಇರುವುದು ಒಂದೇ, ಅದು ನಮ್ಮ ಮನೆಯ ಮುಂದಿನ ಕಣ. ತೀರಿಹೋದ ನನ್ನ ಮಾವನವರು ಹರೆಯದಲ್ಲಿ ಬಂಡೆ ಒಡೆದು, ಕೆಳಗಿನ ಹೊಲದಿಂದ ಮಣ್ಣು ಹೊತ್ತು ಅದನ್ನು ಸಮ ಮಾಡಿದ್ದರು. ಆ ಮಣ್ಣು ಹೊತ್ತವರಲ್ಲಿ ಹೊಸ ಸೊಸೆಯಾಗಿದ್ದ ಅತ್ತೆಯೂ ಒಬ್ಬರು. ಪ್ರತಿ ಸುಗ್ಗಿಗೂ ಅದಕ್ಕೆ ಸಗಣಿ ಬಳಿದು ಕನ್ನಡಿಯ ಹಾಗೆ ಮಾಡಿ, ಆಮೇಲೆ ಯಾರೂ ಚಪ್ಪಲಿ ಹಾಕಿಕೊಂಡು ಹಾಯದಂತೆ ಕಾಯುತ್ತ ಕೂಡುತ್ತಿದ್ದರು. ಬಸ್ಸಿನ ದಿನವೂ ಅಷ್ಟೇ. ಕಣದ ನಡುವೆ ಕೆಂಪು ಮೆಣಸಿನಕಾಯಿ ಹರವಿ, ಮಗ್ಗುಲಲ್ಲಿ ಕೌದಿ ಹಾಸಿಕೊಂಡು ಕೂತರು.

ಸಣ್ಣ ಮಾವ ಬಂದು, "ವೈನಿ, ಇವತ್ತೊಂದ ದಿನ ಕಾಯಿ ತಗದರ ಆಗತಿತ್ತು" ಎಂದರು.

"ಬಿಸಲು ನಿನ್ನ ಬಸ್ಸಿನ ಸಲವಾಗಿ ನಾಳೆ ಎರಡ ಸಲ ಬೀಳತೈತೇನು" ಎಂದರು ಅತ್ತೆ. ಸಣ್ಣ ಮಾವ ಬಂದ ದಾರಿಗೆ ಹತ್ತಿದರು.

ಬೆಳಿಗ್ಗೆಯೇ ಬೀಗರ ದಂಡು ಬಂದಿತು. ಯಾವಗಲ್ಲಿನವರು ಒಂದು ಟ್ರ್ಯಾಕ್ಟರು. ನಮ್ಮ ಕೊಣ್ಣೂರು ಕಡೆಯವರು ಇನ್ನೊಂದು. ಕಾಕಾ ಅದರ ಮುಂದಿನ ಸೀಟಿನ ಮಗ್ಗುಲಲ್ಲಿ ಕೂತಿದ್ದರು. ಮದುವೆಯ ದಿನ ಕಲ್ಲಿನ ಮೇಲೆ ಕೂತುಬಿಟ್ಟ ನನ್ನ ಬಳಗ ಈ ಸಲ ಮೇಲೆ ಬಂದು, "ಅಯ್ಯ, ಮ್ಯಾಲೆ ಊರು ಐತಲ್ಲವಾ ಖರೇನ" ಎಂದು ಮನೆಗಳನ್ನು ಮುಟ್ಟಿ ಮುಟ್ಟಿ ನೋಡಿತು. ಎಲ್ಲರಿಗೂ ಸಣ್ಣ ಮಾವನ ಆಜ್ಞೆ ಒಂದೇ. "ಕಣದ ಸುತ್ತ ನಿಂದರ್ರಿ. ಸಾಹೇಬರು ನೋಡಿ ಮುಗಸೂ ತನಕ ಯಾರೂ ಅಲಗಾಡಬ್ಯಾಡ್ರಿ."

ಬಸ್ಸು ಬಂದಿತು. ಕೆಂಪು ಬಸ್ಸೊಂದು ಗುಡ್ಡದ ತಿರುವಿನಲ್ಲಿ ಕಾಣಿಸಿ, ಮರೆಯಾಗಿ, ಮತ್ತೆ ಕಾಣಿಸಿದಾಗ ಹೆಂಗಸರ ಕಣ್ಣು ಒದ್ದೆಯಾದವು. ಮಂಗಗಳು ಮಾಳಿಗೆಯ ಅಂಚಿಗೆ ಬಂದು ಸಾಲಾಗಿ ಕೂತವು. ಅವಕ್ಕೆ ಯಾರೂ ಹೇಳಿರಲಿಲ್ಲ.

ಸಾಹೇಬರು ಇಳಿದರು. ಬಿಳಿ ಅಂಗಿಯ, ಕಡಿಮೆ ಮಾತಿನ ಮನುಷ್ಯ. ಡಿಗ್ರಿ ಓದಿದವಳೆಂದು ಸಣ್ಣ ಮಾವ ನನ್ನನ್ನು ಮುಂದೆ ತಳ್ಳಿದ್ದರು. ನಮಸ್ಕಾರ ಮಾಡಿದೆ. ಸಾಹೇಬರು ಜನರತ್ತ ನೋಡಿದರು. ಕಣದ ಸುತ್ತ ಗೋಡೆಗೆ ಗೋಡೆಯಾಗಿ ನಿಂತ ಜನ.

"ಮಂದಿ ಅದಾರ" ಎಂದರು.

ಸಣ್ಣ ಮಾವ ನನ್ನತ್ತ ನೋಡಿ ಕಣ್ಣು ಮಿಟುಕಿಸಿದರು.

ಸಾಹೇಬರು ಸುಮ್ಮನೆ ಎದುರಿಗಿದ್ದ ಹಿರಿಯರನ್ನು ಮಾತಾಡಿಸಿದರು. ಆ ಹಿರಿಯರು ಕಾಕಾ. "ಯಜಮಾನ್ರ, ಎಷ್ಟ ವರ್ಷಾತ್ರಿ ಗುಡ್ಡ ಹತ್ತಿ ಇಳಿಯೂದು?"

ಕಾಕಾ ಜನ್ಮದಲ್ಲಿ ಸುಳ್ಳು ಹೇಳಿದವರಲ್ಲ. ಹಾಗೆಂದು ಈ ಊರಿನ ಕೆಲಸ ಕೆಡಿಸಲೂ ಮನಸ್ಸಿಲ್ಲ. ರುಮಾಲು ಸರಿಮಾಡಿಕೊಂಡು, "ಇದ ಎರಡನೇ ಸಲ್ರಿ" ಎಂದರು.

"ಹಾಂ?"

"ಮೊದಲನೇ ಸಲ ಮಗಳ ಲಗ್ನದಾಗ್ರಿ."

ಸಾಹೇಬರು ಮಗ್ಗುಲಿನ ಹೆಂಗಸಿನ ಕಡೆ ತಿರುಗಿದರು. "ನೀವು ಈ ಊರವರೇನ್ರಿ?"

"ಯಾವಗಲ್ರಿ."

"ನೀವು?"

"ನಾನೂ ಅಲ್ಲಿಯಾಕೇರಿ. ಇಕಿ ನಾದಿನಿ."

"ಈ ಊರವರು ಯಾರರೆ ಅದೀರೇನ್ರಿ?" ಎಂದು ಸಾಹೇಬರು ದನಿ ಎತ್ತಿ ಕೇಳಿದರು. ಊರವರೆಲ್ಲ ಹಿಂದಿನ ಸಾಲಿನಲ್ಲಿದ್ದರು. ಬೀಗರು ಮುಂದೆ ನಿಂತಾಗ ಮನೆಯವರು ಹಿಂದೆ ನಿಲ್ಲಬೇಕಲ್ಲ, ಅದು ಮರ್ಯಾದೆ. ಹಿಂದಿನಿಂದ ಅತ್ತೆಯ ದನಿಯೊಂದೇ ಬಂತು. "ನಾ ಅದೀನ್ರಿ. ಕಾಯಿ ತುಳೀಬ್ಯಾಡ್ರಿ."

ಸಣ್ಣ ಮಾವ ಮೆಲ್ಲಗೆ ಜನರ ನಡುವೆ ಸರಿದುಕೊಂಡರು. ನಾನೇ ಬಾಯಿ ತೆರೆದೆ. "ಇವರೆಲ್ಲ ನಮ್ಮ ಬೀಗರ್ರಿ. ಬಸ್ಸು ಬರತೈತಂತ ನೋಡಾಕ ಬಂದಾರ್ರಿ."

ಸಾಹೇಬರು ನನ್ನನ್ನೇ ನೋಡಿದರು, ಆಮೇಲೆ ಟ್ರ್ಯಾಕ್ಟರುಗಳ ಕಡೆ ನೋಡಿದರು. "ಊರು ಸಣ್ಣದ, ಬೀಗತನ ದೊಡ್ಡದ" ಎಂದರು. "ಇಷ್ಟ ಮಂದಿ ಬೀಗರು ಬಂದ ಹೋಗೂ ಊರಾದ್ರ ಬಸ್ಸು ತುಂಬತೈತಿ ಬಿಡ್ರಿ."

ಅಷ್ಟರಲ್ಲಿ ಡ್ರೈವರು ಕಿಟಕಿಯಿಂದ ತಲೆ ಹಾಕಿ, "ಸರ್, ತಿರಗಸೂದ ಎಲ್ಲಿ?" ಎಂದ.

ಅದುವರೆಗೆ ಊರಲ್ಲಿ ಯಾರಿಗೂ ಹೊಳೆಯದೇ ಹೋದ ಪ್ರಶ್ನೆ ಅದು. ಬಸ್ಸು ಬರುತ್ತದೆ ಎಂದಷ್ಟೇ ಎಲ್ಲರೂ ಎಣಿಸಿದ್ದೆವು. ಬಂದ ಬಸ್ಸು ಹೋಗಲೂ ಬೇಕು ಎಂಬುದು ಮನಸ್ಸಿಗೆ ಬಂದಿರಲಿಲ್ಲ. ನೆತ್ತಿಯ ಕಡೆಯ ರಸ್ತೆಗೆ ಫ್ಯಾನಿನವರು ಗೇಟು ಹಾಕಿ ಕೀಲಿ ಜಡಿದಿದ್ದರು. ರಸ್ತೆಯ ಒಂದು ಮಗ್ಗುಲಿಗೆ ಬಂಡೆ, ಇನ್ನೊಂದು ಮಗ್ಗುಲಿಗೆ ಕೆಳಗಿನ ಓಣಿಯ ಮಾಳಿಗೆ. ಎದುರಿಗೆ ಕಣ, ಕಣದ ಸುತ್ತ ಅಲಗಾಡಬಾರದೆಂದು ಅಪ್ಪಣೆಯಾದ ಜನ, ಜನರ ನಡುವೆ ಮೆಣಸಿನಕಾಯಿ, ಅದರ ಪಕ್ಕ ಅತ್ತೆ.

"ಹಿಂದ ಒಂದ ಮೂಲಿ ಅಗಲ ಇದ್ದಂಗ ಐತಿ, ಅಲ್ಲೆ ನೋಡತೀನಿ" ಎಂದು ಡ್ರೈವರು ಬಸ್ಸನ್ನು ಹಿಂದಕ್ಕೆ ಬಿಡತೊಡಗಿದ. ಆಗ ಊರಿಗೆ ಊರೇ ಅವನ ನೆರವಿಗೆ ಬಂದಿತು.

"ಮ್ಯಾಲೆ ತಗೋರಿ, ಮ್ಯಾಲೆ."

"ಮ್ಯಾಲೆ ಬ್ಯಾಡ, ಕೆಳಗ ಬರ್ಲಿ."

"ಎಡಕ್ಕೋ ಬಲಕ್ಕೋ ಹೇಳ್ರಿ" ಎಂದು ಡ್ರೈವರು ಕೂಗಿದ.

"ಕೆಳಗ್ರಿ, ಕೆಳಗ" ಎಂದರು ಎಲ್ಲರೂ, ಆದರೆ ಕೈಗಳು ನಾಲ್ಕೂ ಕಡೆ ಚಾಚಿದ್ದವು. ಕಂಡಕ್ಟರು ಸೀಟಿ ಊದಿದ. ಆ ಸೀಟಿಗೆ ಮಂಗವೊಂದು ಗಾಬರಿಯಾಗಿ ಬಸ್ಸಿನ ಟಪ್ಪಿನ ಮೇಲೆ ನೆಗೆಯಿತು. ಹಿಂದಿನ ಗಾಲಿ ಮಾಳಿಗೆಯ ಅಂಚಿನ ಕಲ್ಲಿಗೆ ತಾಗಿ ನಿಂತಿತು. ಬಸ್ಸಿನ ಹಿಂಭಾಗ ಮಾತ್ರ ಮಾಳಿಗೆಯ ಮೇಲೆ ಚಾಚಿಕೊಂಡು, ಹೊಗೆಯ ಕೊಳವೆ ನೇರವಾಗಿ ಬೆಳಕಿಂಡಿಯ ಮೇಲೆ ಬಂತು.

ಆ ಮನೆ ಸಣ್ಣ ಮಾವನದೇ. ಒಳಗೆ ಸಣ್ಣತ್ತೆ ಬೀಗರಿಗೆ ಹೋಳಿಗೆ ಮಾಡುತ್ತಿದ್ದರು. ಡ್ರೈವರು ಮುಂದೆ ಹೋಗಲೆಂದು ಎಂಜಿನ್ನು ಜೋರು ಮಾಡಿದ. ಗಾಲಿ ಸಡಿಲ ಕಲ್ಲಿನ ಮೇಲೆ ನಿಂತಲ್ಲೇ ತಿರುಗಿತು. ಬಸ್ಸಿನ ಹೊಗೆಯೆಲ್ಲ ಬೆಳಕಿಂಡಿಯೊಳಗೆ ಇಳಿಯಿತು. ಸ್ವಲ್ಪ ಹೊತ್ತಿಗೆ ಅದೇ ಹೊಗೆ ಕೆಳಗಿನ ಬಾಗಿಲಿಂದ ಹೊರಬಂತು, ಹೊಗೆಯ ಹಿಂದೆ ಸಣ್ಣತ್ತೆ, ಕೈಯಲ್ಲಿ ಹೂರಣದ ಬೋಗುಣಿ.

"ಒಲಿ ಸಿಡೀತು" ಎಂದು ಕೆಮ್ಮುತ್ತ ಓಡಿ ಬಂದವರು ತಲೆ ಎತ್ತಿ ನೋಡಿದರೆ ತಮ್ಮ ಮಾಳಿಗೆಯ ಮೇಲೆ ಬಸ್ಸು.

ಸಣ್ಣತ್ತೆ ಗಂಡನನ್ನು ಹುಡುಕಿ, ಜನರ ನಡುವೆ ಕಂಡು, ಸಮಾಧಾನದ ದನಿಯಲ್ಲೇ ಹೇಳಿದರು. "ಊರಿಗೆ ತರಸ್ತೀನಿ ಅಂದಿದ್ರಿ. ಮನ್ಯಾಗ ತರಸ್ತೀನಿ ಅಂತ ಹೇಳಿರಲಿಲ್ಲ."

ಸಾಹೇಬರು ನಗು ತಡೆಯಲಾಗದೆ ಬಂಡೆಯ ಕಡೆ ಮುಖ ಮಾಡಿ ನಿಂತರು. ಅವರ ಹೆಗಲು ಅಲುಗುತ್ತಿದ್ದುದು ಎಲ್ಲರಿಗೂ ಕಂಡಿತು.

ಇನ್ನು ಬಸ್ಸನ್ನು ಮುಂದಕ್ಕೆ ದೂಡುವುದೊಂದೇ ದಾರಿ, ಮುಂದೆ ಎಂದರೆ ಕಣ. ಎಲ್ಲರೂ ಅತ್ತೆಯತ್ತ ನೋಡಿದರು. ಅತ್ತೆ ಬಸ್ಸನ್ನು ನೋಡಿದರು, ಸಣ್ಣತ್ತೆಯ ಮಸಿ ಹತ್ತಿದ ಮುಖ ನೋಡಿದರು, ಮೆಣಸಿನಕಾಯಿ ನೋಡಿದರು.

"ಏನ್ ನೋಡಕೋತ ನಿಂತೀರಿ, ಕಾಯಿ ತಗೀರಿ ಲಗೂನ" ಎಂದರು.

ಯಾವಗಲ್ಲಿನ ಹೆಂಗಸರು, ಕೊಣ್ಣೂರಿನವರು, ನಮ್ಮೂರವರು, ಎಲ್ಲರೂ ಬಗ್ಗಿ ಉಡಿಯಲ್ಲಿ, ಸೆರಗಿನಲ್ಲಿ, ಗಂಡಸರು ಧೋತರದಲ್ಲಿ, ಟವೆಲ್ಲಿನಲ್ಲಿ ಮೆಣಸಿನಕಾಯಿ ತುಂಬಿಕೊಂಡರು. ಘಾಟಿಗೆ ಎಲ್ಲರೂ ಒಟ್ಟಿಗೆ ಸೀನಿದರು. ಸೀನುತ್ತಲೇ ಗಂಡಸರು ಬಸ್ಸಿನ ಹಿಂದೆ ಹೋಗಿ ಹೆಗಲು ಕೊಟ್ಟರು. ಕಾಕಾ ಕೂಡ ರುಮಾಲು ತೆಗೆದಿಟ್ಟು ಕೈ ಹಚ್ಚಿದರು. ಬಸ್ಸು ಮೇಲೆ ಬಂದು, ಕಣದಲ್ಲಿ ದೊಡ್ಡ ಎತ್ತಿನ ಹಾಗೆ ಒಂದು ಸುತ್ತು ಹಾಕಿ, ಮೂತಿ ಕೆಳಗೆ ಮಾಡಿ ನಿಂತಿತು. ಊರವರು ಬೀಗರು ಎಂಬ ಭೇದವಿಲ್ಲದೆ ಎಲ್ಲರೂ ಚಪ್ಪಾಳೆ ಹೊಡೆದರು.

ಹೊರಡುವ ಮೊದಲು ಸಾಹೇಬರು ನನಗೆ ಹೇಳಿದರು. "ಮಂದಿ ಐತ್ರಿ, ಜಾಗಾ ಇಲ್ಲ. ಈ ಕಣದಾಗ ತಿರಗಾಕ ಬಿಟ್ರ ಬಸ್ಸು ಕೊಡತೀನಿ. ಇಲ್ಲಂದ್ರ ಆಗಂಗಿಲ್ಲ."

ಅತ್ತೆ ಕಣದ ನಡುವೆ ನಿಂತಿದ್ದರು. ಸಗಣಿ ಬಳಿದ ನೆಲದ ಮೇಲೆ ಗಾಲಿಯ ಗುರುತು ಬಾವಿಯ ಬಾಯಿಯ ಹಾಗೆ ದುಂಡಗೆ ಮೂಡಿತ್ತು. ಒಂದು ಕಡೆ ಕೆತ್ತಿ ಹಳೆಯ ಮಣ್ಣು ಮೇಲೆದ್ದಿತ್ತು. ಅದನ್ನು ಕಾಲಿನಿಂದ ಮೆಲ್ಲಗೆ ಒತ್ತುತ್ತ, "ಕಣ ಅಂದ್ರ ಕಣ. ಬಸ್ ಸ್ಟ್ಯಾಂಡ್ ಅಲ್ಲ" ಎಂದರು.

ಅದಾದ ಮೇಲೆ ನಮ್ಮ ಮನೆಗೆ ಜನ ಹರಿದು ಬಂದರು. ಹೆಂಗಸರು ಬರುವಾಗ ಕೈಯಲ್ಲಿ ಏನಾದರೂ ತರುತ್ತಿದ್ದರು, ಉಸುಳಿ, ಕರದಂಟು, ಹೊಸ ಅವರೆಕಾಯಿ. ಅತ್ತೆ ಎಲ್ಲವನ್ನೂ ತೆಗೆದುಕೊಂಡರು, ಎಲ್ಲರಿಗೂ ಚಹಾ ಕೊಡಿಸಿದರು, ಕಣ ಕೊಡಲಿಲ್ಲ. ಚಹಾ ಮಾಡಿ ಮಾಡಿ ನನ್ನ ಕೈ ಸೋತಿತು. ಸಣ್ಣ ಮಾವ ಕಟ್ಟೆಯ ಮೇಲೆ, "ವೈನಿಗೆ ಬಸ್ಸು ಬ್ಯಾಡಾಗೇತಿ, ಅಕಿ ಊರ ಬಿಟ್ಟ ಹೋಗಾಕೇ ಅಲ್ಲ" ಎಂದು ಹೇಳಿಕೊಂಡು ತಿರುಗಿದರು.

ನಾನೂ ಹಾಗೇ ತಿಳಿದಿದ್ದೆ. ನಾನು ಬಂದಾಗಿನಿಂದ ಅತ್ತೆ ಗುಡ್ಡ ಇಳಿದದ್ದನ್ನು ನೋಡಿರಲಿಲ್ಲ. ಪೇಟೆಗೆ ಕರೆದರೆ "ಏನೈತಿ ಅಲ್ಲೆ, ಗದ್ದಲ" ಎನ್ನುತ್ತಿದ್ದರು. ಲಗ್ನಗಳಿಗೆ ಕರೆದರೆ "ನೀವು ಹೋಗಿ ಬರ್ರಿ, ಮನಿ ಕಾಯಾಕ ಯಾರರೆ ಬೇಕಲ್ಲ" ಎನ್ನುತ್ತಿದ್ದರು. ನಮ್ಮ ಮನೆಗೆ ಕೀಲಿ ಹಾಕುವ ಪದ್ಧತಿಯೇ ಇಲ್ಲ ಎಂಬುದು ನನಗೆ ಆಗ ಹೊಳೆಯಲಿಲ್ಲ.

ಒಂದು ಸಂಜೆ ಇಟಗಿಯಿಂದ ಅತ್ತೆಯ ಅಕ್ಕನ ಫೋನು ಬಂದಿದೆಯೆಂದು ಕಟ್ಟೆಯವರು ಕೂಗಿ ಕರೆದರು. ನಾನು ಅತ್ತೆಯ ಕೈ ಹಿಡಿದು ಬಂಡೆ ಹತ್ತಿಸಿದೆ. ಹತ್ತುವಾಗ ಅವರು ನನ್ನ ರಟ್ಟೆಯನ್ನು ಎಷ್ಟು ಗಟ್ಟಿಯಾಗಿ ಹಿಡಿದಿದ್ದರೆಂದರೆ ಉಗುರಿನ ಗುರುತು ಮೂಡಿತು. ಫೋನಿನಲ್ಲಿ ಅಕ್ಕ ಏನೋ ಕರೆಯುತ್ತಿದ್ದರು. ಅತ್ತೆ ಜೋರು ದನಿಯಲ್ಲಿ, "ನಂಗೆಲ್ಲಿ ಪುರಸೊತ್ತವಾ, ಕೆಲಸ ಭಾಳ ಅದಾವ" ಎಂದರು. ಇಳಿಯುವಾಗ ಒಂದು ಕಲ್ಲಿನ ಮೇಲೆ ಕೂತುಬಿಟ್ಟರು. ಎರಡೂ ಕೈಯಿಂದ ಮೊಣಕಾಲು ಒತ್ತಿಕೊಳ್ಳುತ್ತಿದ್ದರು.

"ನೋಯ್ತಾವೇನ್ರಿ ಅತ್ತಿ" ಎಂದೆ.

"ನೋಯೂದಲ್ಲ. ಮಾತ ಕೇಳಂಗಿಲ್ಲ" ಎಂದರು. ಆಮೇಲೆ ಅವರೇ ಹೇಳಿದರು. "ಹತ್ತೂದ ಹ್ಯಾಂಗರ ಆಗತೈತಿ. ಇಳಿಯೂದ ಅಂಜಿಕಿ. ಮಗನ ಗಾಡಿ ಹಿಂದ ಕುಂದ್ರಾಕ ಕಾಲ ಮಡಚಂಗಿಲ್ಲ. ನಡು ದಾರ್ಯಾಗ ಕುಂತಬಿಟ್ರ ನಾಕ ಮಂದಿ ಹೊತಗೊಂಡ ಬರಬೇಕಾಗತೈತಿ. ಊರಾಗ ಎಲ್ಲಾರೂ ನೋಡತಿರತಾರ."

"ಹಂಗಾರ ಬಸ್ಸು ಬಂದ್ರ ಚಲೋ ಅಲ್ರಿ?"

"ನಿಮ್ಮ ಮಾವ ಬಂಡಿಗಲ್ಲ ಒಡದ ಮಾಡಿದ ಕಣ ಅದು" ಎಂದರು. "ಇವರು ಕೇಳೂದ ಹ್ಯಾಂಗ ಕೇಳತಾರ ನೋಡು. ಕಣ ಕೊಡು, ಕಣ ಕೊಡು. ಕೊಟ್ಟ ಮ್ಯಾಲೆ ನಂದ ಅಂತ ಏನ ಉಳೀತು? ನಾಳೆ ಪಾನ್ ಅಂಗಡಿ ಹಾಕತಾರ ಅಲ್ಲೆ."

ನಾನು ಮರುದಿನ ಗಂಡನಿಗೆ ಹೇಳಿದೆ. ಅವರು ಪೇಟೆಯ ಬಟ್ಟೆ ಅಂಗಡಿಯಲ್ಲಿ ಕೆಲಸಕ್ಕಿದ್ದಾರೆ, ದಿನಾ ಗಾಡಿಯ ಮೇಲೆ ಹೋಗಿ ಬರುತ್ತಾರೆ. ಹೆಚ್ಚು ಮಾತಿನವರಲ್ಲ. ಆ ಸಂಜೆ ಬರುವಾಗ ಗಾಡಿಯ ಹಿಂದೆ ಒಬ್ಬರನ್ನು ಕೂಡಿಸಿಕೊಂಡು ಬಂದರು. ನೋಡಿದರೆ ಅದೇ ಡ್ರೈವರು.

ಡ್ರೈವರು ಕಣದ ಅಂಚಿನಲ್ಲಿ ಚಪ್ಪಲಿ ಬಿಟ್ಟು ಒಳಗೆ ಬಂದ. ಅತ್ತೆ ಅದನ್ನು ನೋಡಿದರು.

"ಅವ್ವಾರ, ನಾ ನಿಮ್ಮ ಕಣ ಕೇಳಾಕ ಬಂದಿಲ್ಲ" ಎಂದ. "ಕಣ ನಿಮ್ಮದ. ನಂದೇನಿದ್ರೂ ಒಂದ ಸುತ್ತು. ಬರ್ತೀನಿ, ತಿರಗತೀನಿ, ಹೋಗತೀನಿ. ಅಲ್ಲೆ ನಿಂದ್ರಂಗಿಲ್ಲ, ಯಾರನ್ನೂ ನಿಂದ್ರಾಕ ಬಿಡಂಗಿಲ್ಲ."

ಅತ್ತೆ ಅವನನ್ನು ಕೂಡಿಸಿ, ಯಾವ ಊರು, ಯಾರ ಪೈಕಿ ಎಂದೆಲ್ಲ ಕೇಳಿದರು. ನಾನು ಚಹಾ ತರುವಷ್ಟರಲ್ಲಿ ಅವನ ಸೋದರತ್ತೆಯನ್ನು ನಮ್ಮ ದೂರದ ಬಳಗದಲ್ಲಿ ಎಲ್ಲೋ ಹುಡುಕಿ ಜೋಡಿಸಿಯಾಗಿತ್ತು.

"ಹಂಗಾರ ಕೇಳು" ಎಂದರು. "ಕೆಳಗಿನ ತಿರುವಿನ್ಯಾಗ ಹಾರ್ನ ಹೊಡೀಬೇಕು, ನಾ ಕಾಯಿಪಾಯಿ ಹರವಿದ್ರ ತಕ್ಕೊಳ್ಳಾಕ. ಸುಗ್ಗ್ಯಾಗ ನಾ ಹೇಳಿದಂಗ ಕೇಳಬೇಕು. ಮತ್ತ ನಾ ಹತ್ತೂ ದಿನ, ಪೂರ್ತಿ ಕುಂತ ಮ್ಯಾಲೆ ಬಿಡಬೇಕು. ನಂಗ ಮೆಟ್ಟಲಾ ಹತ್ತಾಕ ಹೊತ್ತ ಹಿಡೀತೈತಿ."

"ಆತ್ರಿ ಅವ್ವಾರ."

"ನಿಮ್ಮ ಸಾಹೇಬ ಒಪ್ಪತಾನೇನು?"

"ಸಾಹೇಬರು ಇನ್ನೂ ಹೊಗಿ ನೆನಸಿ ನೆನಸಿ ನಗಾಕತ್ತಾರ್ರಿ" ಎಂದ ಡ್ರೈವರು.

ಬಸ್ಸು ಶುರುವಾದ ಮೊದಲ ದಿನ ಸಣ್ಣ ಮಾವ ಟೆಂಗಿನಕಾಯಿ ಒಡೆದರು. ಹೆಂಗಸರೆಲ್ಲ ಎಲ್ಲಿಗೆ ಎಂದು ಗೊತ್ತಿಲ್ಲದೆಯೇ ಹತ್ತಿ ಕೂತರು. ಅತ್ತೆ ಹೊಸ ಇಳಕಲ್ ಸೀರೆ ಉಟ್ಟು, ಸಾವಕಾಶ ಮೆಟ್ಟಿಲು ಹತ್ತಿ, ಡ್ರೈವರಿನ ಹಿಂದಿನ ಸೀಟಿನಲ್ಲಿ ಕೂತರು. ನಾನು ಮಗ್ಗುಲಲ್ಲಿ ಕೂತೆ. ಬಸ್ಸು ಕಣದಲ್ಲಿ ಸುತ್ತು ಹಾಕುವಾಗ ಕಿಟಕಿಯಿಂದ ಬಗ್ಗಿ ಗಾಲಿ ಎಲ್ಲಿ ಹಾಯುತ್ತಿದೆ ಎಂದು ನೋಡಿದರು. ಆಮೇಲೆ ಬಸ್ಸು ಇಳಿಜಾರಿಗೆ ಬಿದ್ದಾಗ ನನ್ನ ಕೈ ಹಿಡಿದು ಕಣ್ಣು ಮುಚ್ಚಿಕೊಂಡರು. ಬುಡಕ್ಕೆ ಬಂದ ಮೇಲೆ, "ಇಷ್ಟನ" ಎಂದರು. ಗಜೇಂದ್ರಗಡದಲ್ಲಿ ಇಳಿದು, ಬೇರೆ ಬಸ್ಸು ಹಿಡಿದು ಇಟಗಿಗೆ ಹೋದೆವು.

ಅಲ್ಲಿ ಅಕ್ಕ ತಂಗಿ ಒಬ್ಬರನ್ನೊಬ್ಬರು ನೋಡಿ ಮೊದಲು ಅತ್ತರು. ಆಮೇಲೆ ಇಬ್ಬರೂ ಕಾಲು ಚಾಚಿ ಕೂತು, ಯಾರ ಮೊಣಕಾಲು ಹೆಚ್ಚು ಕೆಟ್ಟದ್ದು ಎಂದು ಸಂಜೆಯವರೆಗೆ ವಾದ ಮಾಡಿದರು. ಅತ್ತೆಯೇ ಗೆದ್ದಿರಬೇಕು. ವಾಪಸು ಬರುವಾಗ ಭಾಳ ಖುಷಿಯಾಗಿದ್ದರು.

ಈಗ ನಮ್ಮೂರಿನ ಜನಸಂಖ್ಯೆ ಬಸ್ಸಿನ ವೇಳೆಯ ಮೇಲೆ ಅವಲಂಬಿಸಿದೆ. ಮುಂಜಾನೆಯ ಬಸ್ಸು ಹೋದ ಮೇಲೆ ಊರಲ್ಲಿ ಒಬ್ಬ ಹೆಂಗಸೂ ಇರುವುದಿಲ್ಲ, ಗಂಡಸರು ತಾವೇ ಬುತ್ತಿ ಬಿಚ್ಚಿ ಉಣ್ಣುತ್ತಾರೆ. ಸಂಜೆಯ ಬಸ್ಸು ಬಂತೆಂದರೆ ಊರವರ ಜೊತೆ ಬೀಗರೂ ಇಳಿಯುತ್ತಾರೆ. ಗಾಳಿ ಚಲೋ ಐತಿ ಎಂದು ಬಂದವರು ಬೇಗ ಹೋಗುವುದಿಲ್ಲ. ಸಾಹೇಬರು ಹೇಳಿದ್ದು ಖರೇ ಆಯಿತು, ಬಸ್ಸು ತುಂಬುತ್ತದೆ.

ಹೋದ ಸುಗ್ಗಿಯಲ್ಲಿ ನಮ್ಮ ಹುರುಳಿ ಬಂತು. ಬಡಿಯಲು ಆಳು ಸಿಗಲಿಲ್ಲ, ಮನೆಯಲ್ಲಿ ಎತ್ತುಗಳಿಲ್ಲ. ಸುಗ್ಗಿಯಲ್ಲಿ ಹೇಳಿದಂತೆ ಕೇಳಬೇಕೆಂಬ ಕರಾರಿನಂತೆ ಡ್ರೈವರು ಬಸ್ಸನ್ನು ಕಣದ ಆಚೆ ನಿಲ್ಲಿಸಿ, "ಅವ್ವಾರ, ಇವತ್ತ ಹಿಂದಕ್ಕ ಹೋಗಲೇನ್ರಿ" ಎಂದು ಕೇಳಿದ.

"ಯಾಕ? ಬಾ" ಎಂದರು ಅತ್ತೆ. ಹುರುಳಿಯ ಬಳ್ಳಿಯನ್ನು ಕಣದ ತುಂಬ ದುಂಡಗೆ ಹರವಿದ್ದರು. "ಹಗರಕ ತಿರಗು. ಬ್ರೇಕ ಹಾಕಬ್ಯಾಡ, ಕಾಳ ಒಡೀತಾವ."

ಬಸ್ಸು ಒಂದು ಸುತ್ತು ಬಂತು. ಗಾಲಿಯ ಕೆಳಗೆ ಬಳ್ಳಿ ಕರಕರ ಎಂದಿತು. ಅತ್ತೆ ಬಗ್ಗಿ ಕೈಯಲ್ಲಿ ತೆಗೆದುಕೊಂಡು ನೋಡಿ, "ಇನ್ನೊಂದ" ಎಂದರು. ಒಳಗೆ ಕೂತ ಪ್ರಯಾಣಿಕರಲ್ಲಿ ಪೇಟೆಯಿಂದ ಬಂದ ಒಬ್ಬರು, "ಇದೇನ್ರಿ, ನಾವು ಇಳಿಯೂದ ಯಾವಾಗ" ಎಂದರು. ಕಂಡಕ್ಟರು, "ಕಾಳು ಉದುರಿದ ಮ್ಯಾಲೆ ಇಳೀರಿ, ಈಗ ಕುಂದರ್ರಿ, ಭಾರ ಬೇಕು" ಎಂದ. ನಾನು ಕಾಳು ಗುಡಿಸಲು ಬಾರಿಗೆ ಹಿಡಿದು ಅಂಚಿನಲ್ಲಿ ನಿಂತಿದ್ದೆ. ಬಸ್ಸು ಸಾವಕಾಶ ಮೂರನೆಯ ಸುತ್ತಿಗೆ ಹೊರಳಿತು.